ಹನ್ನೊಂದು ಖಾತೆ, ಒಂದೇ ವಿಳಾಸ

ಅವನು ಒಳಗೆ ಬಂದವನೇ ಬಾಗಿಲ ಚಿಲಕ ಹಾಕಿದ.

ನನ್ನ ಕೋಣೆಗೆ ಬರುವವರು ಯಾರೂ ಚಿಲಕ ಹಾಕುವುದಿಲ್ಲ. ಅಲ್ಲಿ ಬಚ್ಚಿಡುವಂಥದ್ದು ಏನೂ ನಡೆಯುವುದಿಲ್ಲ. ಚಪ್ಪಲಿ ಅಂಗಡಿಯ ಮೇಲೊಂದು ಕೋಣೆ. ಎರಡು ಕುರ್ಚಿ, ಒಂದು ಮೇಜು, ಬಿಸಿಯಾದರೆ ಗೊರಕೆ ಹೊಡೆಯುವ ಲ್ಯಾಪ್‌ಟಾಪು. ಹೊರಗೆ ಬೆಳಗಿನ ಹತ್ತೂಕಾಲರ ಬಿಸಿಲು, ಬಸ್ಸುಗಳ ಹಾರನ್ನು.

"ಗಾಳಿಗೆ ಬಡ್ಕೊಳ್ಳುತ್ತೆ ಮೇಡಂ," ಅಂದ.

ಗಾಳಿ ಇರಲಿಲ್ಲ!

ಹಿಂದಿನ ಜೇಬಿನಿಂದ ಒಂದು ಅಡಿ ಉದ್ದದ ಸ್ಕ್ರೂಡ್ರೈವರ್ ತೆಗೆದು ಮೇಜಿನ ಮೇಲಿಟ್ಟ. ಮೊನೆ ನನ್ನ ಕಡೆಗಿತ್ತು.

"ಕೂತ್ಕೊಂಡ್ರೆ ಚುಚ್ಚುತ್ತೆ. ತಪ್ಪು ತಿಳ್ಕೋಬೇಡಿ."

"ಯಾಕೆ ತಿಳ್ಕೊಳ್ಳಲಿ? ನಂಗಿನ್ನೂ ಚುಚ್ಚಿಲ್ವಲ್ಲ."

ನಕ್ಕ. ಬಾಯಿ ಮಾತ್ರ ನಕ್ಕಿತು. ಕಣ್ಣು ನನ್ನ ಕೈಲಿದ್ದ ಕಾಗದದ ಮೇಲೇ ಇತ್ತು.

ಲಿಫ್ಟ್ ಮೆಕ್ಯಾನಿಕ್ ಅವನು. ಉಗುರಿನಲ್ಲಿ ಒಂದು ಚೂರು ಗ್ರೀಸಿಲ್ಲ. ಶರ್ಟಿನ ಮೇಲಿನ ಗುಂಡಿಯವರೆಗೂ ಹಾಕಿಕೊಂಡಿದ್ದ. ದನಿ ಎಷ್ಟು ಮೆತ್ತಗೆ ಅಂದರೆ, ಕೇಳಿಸಿಕೊಳ್ಳಲು ನಾವೇ ಅವನ ಹತ್ತಿರಕ್ಕೆ ಬಾಗಬೇಕು.

ಅಂಥವರ ಹತ್ತಿರಕ್ಕೆ ಬಾಗಬಾರದು. ಆಮೇಲೆ ಗೊತ್ತಾಯಿತು.

ನನ್ನ ಕಸುಬು ಹೇಳಿಬಿಡುತ್ತೇನೆ, ಇಲ್ಲದಿದ್ದರೆ ನಿಮಗೆ ಮುಂದಿನದು ಹತ್ತುವುದಿಲ್ಲ. ಆನ್‌ಲೈನ್ ಆಟಗಳಲ್ಲಿ ಬ್ಯಾನ್ ಆದವರನ್ನು ಬಿಡಿಸುತ್ತೇನೆ. ನಗಬೇಡಿ! ಆರು ವರ್ಷ ಒಂದು ಗೇಮ್ ಕಂಪನಿಯ ದೂರು ವಿಭಾಗದಲ್ಲಿ ಕೂತು ಜನರನ್ನು ಹೊರಗೆ ತಳ್ಳುತ್ತಿದ್ದೆ. ಈಗ ಅದೇ ಬಾಗಿಲಿನಿಂದ ಒಳಗೆ ಬಿಡಿಸುತ್ತೇನೆ. ಬೈಗುಳ ಎರಡೂ ಕಡೆ ಒಂದೇ.

ಐಪಿ ಬ್ಯಾನ್ ಅನ್ನುವುದು ಮನುಷ್ಯನಿಗೆ ಬೀಳುವ ಬ್ಯಾನ್ ಅಲ್ಲ. ಇಂಟರ್‌ನೆಟ್ ವಿಳಾಸಕ್ಕೆ ಬೀಳುವುದು. ದೊಡ್ಡ ಕಟ್ಟಡಕ್ಕೆ ಒಂದೇ ಗೇಟು ಅಂದುಕೊಳ್ಳಿ. ಒಳಗಿನವನೊಬ್ಬ ಹೊರಗೆ ಹೋಗಿ ಕಳ್ಳತನ ಮಾಡಿದ. ಹಿಡಿಯಲು ಬಂದವರಿಗೆ ಮುಖ ಗೊತ್ತಿಲ್ಲ, ಗೇಟು ಗೊತ್ತು. ಗೇಟಿಗೇ ಬೀಗ ಜಡಿದು ಹೋದರು. ಸಾಧುಗಳೂ ಒಳಗೇ!

ಈ ಕೇಸೂ ಅಂಥದ್ದೇ. ನಾಲ್ಕು ಬ್ಲಾಕು, ನೂರ ಅರವತ್ತು ಮನೆ. ಎಲ್ಲಕ್ಕೂ ಇಂಟರ್‌ನೆಟ್ ಕೊಡುವವನು ನನ್ನ ಭಾವ, ಅಂದರೆ ಅಕ್ಕನ ಗಂಡ. ನೂರ ಅರವತ್ತು ಮನೆಯೂ ಹೊರಜಗತ್ತಿಗೆ ಕಾಣುವುದು ಒಂದೇ ವಿಳಾಸದಿಂದ. ಸೋಮವಾರ ಬೆಳಿಗ್ಗೆ ಹನ್ನೊಂದು ಗಂಟೆ ಹನ್ನೆರಡು ನಿಮಿಷಕ್ಕೆ ಒಂದು ಯುದ್ಧದ ಆಟ ಆ ವಿಳಾಸಕ್ಕೆ ಬ್ಯಾನ್ ಹಾಕಿತು. ಆಡುತ್ತಿದ್ದ ಹನ್ನೊಂದು ಜನ ಒಂದೇ ಸೆಕೆಂಡಿಗೆ ಮಾಯ! ಅದರಲ್ಲೊಬ್ಬ ಈ ಲಿಫ್ಟ್ ಮೆಕ್ಯಾನಿಕ್. ಎರಡು ತಿಂಗಳಿಂದ ಸಿ ಬ್ಲಾಕಿನಲ್ಲಿ ಬಾಡಿಗೆಗಿದ್ದ.

ಬ್ಯಾನ್ ಆದವರು ನನ್ನ ಹತ್ತಿರ ಬಂದರೆ ಕೇಳುವುದು ಒಂದೇ ಪ್ರಶ್ನೆ. ಯಾವಾಗ ಒಳಗೆ ಹೋಗಬಹುದು?

ಇವನು ಅದನ್ನು ಕೇಳಲೇ ಇಲ್ಲ. ಮಂಗಳವಾರ ಮೊದಲ ಸಲ ಬಂದಾಗ ಹೇಳಿದ್ದು ಇಷ್ಟೇ: "ಆ ವಿಳಾಸದಲ್ಲಿ ಯಾರ್ಯಾರಿದಾರೆ ಗೊತ್ತಾಗ್ಬೇಕು ಮೇಡಂ."

ನನಗೆ ಅನುಮಾನ ಬರಬೇಕಿತ್ತು. ಬರಲಿಲ್ಲ. ಪಳಗಿದ ಕೈ ತಲೆಯನ್ನು ಕೇಳುವುದಿಲ್ಲ.

ನನ್ನ ರೀತಿ ಹೀಗೆ. ಕಂಪನಿಯಲ್ಲಿ ಇನ್ನೂ ಕೆಲಸ ಮಾಡುವ ಹಳೆಯ ಗೆಳತಿ ಇದ್ದಾಳೆ. ಅವಳ ಕನ್ನಡಕ ಅವಳಿಗಿಂತ ಮೊದಲು ಕೋಣೆಗೆ ಬರುತ್ತಿತ್ತು, ಅದಕ್ಕೇ ಎಲ್ಲರೂ ಅವಳನ್ನು ಕನ್ನಡಕ ಅನ್ನುತ್ತಿದ್ದೆವು. ಸಿಕ್ಕಿಬಿದ್ದ ಖಾತೆಗಳ ಪಟ್ಟಿಯನ್ನು ಅವಳು ಕಳಿಸುತ್ತಾಳೆ. ಯಾರು ಯಾವ ಸೆಕೆಂಡಿಗೆ ಬಂದರು, ಎಷ್ಟು ಜನರನ್ನು ಕೊಂದರು, ಎಲ್ಲ. ಆ ಸೆಕೆಂಡಿಗೆ ಯಾವ ಮನೆಯ ವೈರು ಎಚ್ಚರವಾಯಿತು ಎಂದು ಭಾವನ ಮೆಷಿನ್ನು ಹೇಳುತ್ತದೆ. ಎರಡನ್ನೂ ಜೋಡಿಸಿದರೆ ಖಾತೆಯ ಪಕ್ಕದಲ್ಲಿ ಮನೆ ನಂಬರು. ಲೆಕ್ಕ ಮೀರಿ ಕೊಂದವನೇ ಮೋಸಗಾರ. ಕೆಂಪು ಗೆರೆ ಎಳೆಯುತ್ತೇನೆ. ಪಟ್ಟಿಯನ್ನು ಕ್ಲೈಂಟಿಗೆ ತೋರಿಸುತ್ತೇನೆ. ಆಮೇಲೆ ಕಂಪನಿಗೆ ಅರ್ಜಿ: ತಪ್ಪು ಇವರದು, ಉಳಿದವರನ್ನು ಬಿಡಿ.

ಮೂರು ವರ್ಷದಿಂದ ಇದೇ. ಒಮ್ಮೆಯೂ ಎಡವಿರಲಿಲ್ಲ.

ಕಾಗದ ಅವನ ಮುಂದಿಟ್ಟೆ.

"ಕೆಂಪು ಗೆರೆ ನೋಡಿ. ಬಿ ಬ್ಲಾಕ್ 401. ಗುರಿ ಇಡೋ ಸಾಫ್ಟ್‌ವೇರ್ ಹಾಕ್ಕೊಂಡು ಒಂದೇ ಬೆಳಿಗ್ಗೆ ಇನ್ನೂರ ಹದಿನೆಂಟು ಜನಾನ ಹೊಡೆದಿದಾರೆ. ನಿಮ್ಮ ಬ್ಯಾನಿಗೆ ಕಾರಣ ಇವ್ರೇ."

ಅವನು ಕೆಂಪು ಗೆರೆಯನ್ನು ನೋಡಲೇ ಇಲ್ಲ.

ಬೆರಳು ಮೇಲಿನಿಂದ ಇಳಿಯಿತು... ಮೂರನೇ ಸಾಲಿನಲ್ಲಿ ನಿಂತಿತು.

ಇರುವೆ. ಬಿ ಬ್ಲಾಕ್ 402.

ಅವನ ಉಸಿರು ಬದಲಾಯಿತು. ತುಂಬ ದಿನದ ಬಾಯಾರಿಕೆಗೆ ನೀರು ಕಂಡವನ ಹಾಗೆ. ಕಾಗದವನ್ನು ನಾಲ್ಕು ಮಡಿಕೆ ಮಾಡಿ ಎದೆಯ ಜೇಬಿಗೆ ಹಾಕಿಕೊಂಡ. ಸ್ಕ್ರೂಡ್ರೈವರ್ ಎತ್ತಿಕೊಂಡ.

"ಅರ್ಜಿ ಇವತ್ತೇ ಹಾಕ್ತೀನಿ," ಅಂದೆ.

"ಬೇಡ ಮೇಡಂ. ನನ್ನ ಕೆಲ್ಸ ಆಯ್ತು."

ಚಿಲಕ ತೆಗೆದು ಹೊರಟ. ಮೆಟ್ಟಿಲ ಮೇಲೆ ಅವನ ಶಿಳ್ಳೆ ಕೇಳಿಸಿತು!

ಬ್ಯಾನ್ ಬೇಡ ಅನ್ನುವವರನ್ನು ನೋಡಿದ್ದೇನೆ. ಬಿಡುಗಡೆ ಬೇಡ ಅಂದವನು ಇವನೊಬ್ಬನೇ.

ಕನ್ನಡಕಳಿಗೆ ಫೋನ್ ಹಚ್ಚಿದೆ.

"ಏನೇ, ಆಫೀಸ್ ಹೊತ್ತಲ್ಲಿ? ನನ್ನ ಕೆಲ್ಸ ತೆಗೆಸ್ಬೇಕು ಅಂತಿದ್ಯಾ?"

"ಆಮೇಲೆ ಬೈಯಿ. ಆ ಹನ್ನೊಂದರಲ್ಲಿ ಇರುವೆ ಅಂತ ಒಂದು ಖಾತೆ ಇದೆ. ಆಟದಲ್ಲಿ ಏನು ಮಾಡುತ್ತೆ, ನೋಡು."

ಕೀಬೋರ್ಡ್ ಸದ್ದು.

"ಏನೂ ಮಾಡಲ್ಲ ಕಣೇ! ದಿನಾ ಹನ್ನೊಂದಕ್ಕೆ ಬರ್ತಾಳೆ. ಮುರಿದ ಸೇತುವೆ ಕೆಳಗೆ ಕೂರ್ತಾಳೆ. ಸಕ್ಕರೆ ಅಂತ ಇನ್ನೊಬ್ಳು ಬರ್ತಾಳೆ, ಬೇರೆ ದೇಶದಿಂದ. ಅಕ್ಕ-ತಂಗಿ ಇರ್ಬೇಕು. ಸುತ್ತ ಬಾಂಬ್ ಬೀಳ್ತಿರುತ್ತೆ, ಇವ್ರು ನಿದ್ದೆ ಬಂತಾ, ಜ್ವರ ಬಿಡ್ತಾ ಅಂತ ಮಾತಾಡ್ಕೋತಾರೆ. ಇನ್ನೂರು ಗಂಟೆ ಆಟ... ಕೊಂದಿದ್ದು ಸೊನ್ನೆ."

ಸೊನ್ನೆ. ಪಟ್ಟಿಯಲ್ಲಿ ಅದು ನನ್ನ ಕಣ್ಣ ಮುಂದೆಯೇ ಇತ್ತು. ನಾನು ಹುಡುಕುವುದು ಹೆಚ್ಚು ಕೊಂದವರನ್ನು. ಯಾರನ್ನೂ ಕೊಲ್ಲದವರನ್ನು ನೋಡುವ ಅಭ್ಯಾಸ ನನಗಿರಲಿಲ್ಲ.

"ಸೊನ್ನೆ ಇರೋದು ಅವಳೊಬ್ಬಳದ್ದೇನಾ?"

ಮತ್ತೆ ಕೀಬೋರ್ಡ್ ಸದ್ದು.

"ಇಲ್ಲ... ಇನ್ನೊಬ್ಬ ಇದಾನೆ. ಕಂಬ ಅಂತ."

"ಅವನು ನನ್ನ ಕ್ಲೈಂಟು. ಎಲ್ಲಿ ನಿಂತಿರ್ತಾನೆ?"

"ಸೇತುವೆ ಹತ್ರ. ಅವಳು ಬರೋಕೆ ಐದು ನಿಮಿಷ ಮುಂಚೆ ಬರ್ತಾನೆ. ಗೋಡೆ ಹಿಂದೆ ನಿಂತ್ಕೋತಾನೆ. ಒಂದಿನಾನೂ ಬಾಯಿ ಬಿಟ್ಟಿಲ್ಲ. ಬರೀ ಕೇಳಿಸ್ಕೊಳ್ಳೋದು... ಅಯ್ಯೋ, ಆ ಆಟದಲ್ಲಿ ಪಕ್ಕದಲ್ಲಿ ನಿಂತವ್ರಿಗೆಲ್ಲ ಮಾತು ಕೇಳುತ್ತೆ ಕಣೇ!"

ಫೋನ್ ಕಟ್ ಮಾಡಿದೆ.

ಅವಳ ದನಿ ಅವನಿಗೆ ಸಿಕ್ಕಿತ್ತು. ಮನೆ ಸಿಕ್ಕಿರಲಿಲ್ಲ. ಸೋಮವಾರ ಹನ್ನೊಂದೂ ಹನ್ನೆರಡಕ್ಕೆ ಬ್ಯಾನ್ ಬಿತ್ತು. ಹೊರಗೆ ಬಿದ್ದವನು ಬೇರೆ ನೆಟ್ಟಿನಿಂದ ಇಣುಕಿ ನೋಡಿರಬೇಕು: ಸೇತುವೆ ಕೆಳಗೆ ಸಕ್ಕರೆ ಒಬ್ಬಳೇ. ಇಬ್ಬರಿಗೂ ಒಂದೇ ಸಲ ಬಿದ್ದರೆ ಇಬ್ಬರದೂ ಒಂದೇ ಗೇಟು! ಅಂದರೆ ಅವಳು ಈ ನೂರ ಅರವತ್ತು ಮನೆಗಳಲ್ಲಿ ಒಂದರಲ್ಲಿದ್ದಾಳೆ. ಬ್ಯಾನ್ ಅವನಿಗೆ ಅಷ್ಟು ಹೇಳಿತು.

ಉಳಿದದ್ದನ್ನು ನಾನು ಹೇಳಿದೆ. ಪ್ರಿಂಟ್ ತೆಗೆದು.

ಮೆಟ್ಟಿಲು ಇಳಿದದ್ದು ನೆನಪಿಲ್ಲ. ಸ್ಕೂಟರ್ ಹತ್ತಿದೆ. ಹೆಲ್ಮೆಟ್ಟಿನೊಳಗೆ ಫೋನ್ ಸಿಕ್ಕಿಸಿಕೊಂಡು ಮೊದಲು ಪೊಲೀಸರಿಗೆ ಮಾಡಿದೆ. ಗಾಡಿ ಹೊರಡುತ್ತೆ ಅಂದರು. ಹೊರಡುತ್ತೆ ಅನ್ನುವುದಕ್ಕೂ ಹೊರಟಿದೆ ಅನ್ನುವುದಕ್ಕೂ ನಡುವೆ ಒಂದು ಜೀವ ಹೋಗುವಷ್ಟು ಹೊತ್ತಿರುತ್ತದೆ.

ಆಮೇಲೆ ಭಾವ.

"ಏನಪ್ಪ, ನಾದಿನಿಗೆ ಇವತ್ತು ಭಾವನ ನೆನಪು?"

"ಎಲ್ಲಿದೀರಿ ಭಾವ?"

"ಎ ಬ್ಲಾಕ್ ಟೆರೇಸಲ್ಲಿ, ಮೆಷಿನ್ ಹತ್ರ. ಪಾರಿವಾಳ ವೈರ್ ಕುಕ್ಕಿ ಹಾಕಿದಾವೆ. ಅವುಕ್ಕೂ ನಿಮ್ಮಕ್ಕನಿಗೂ ನನ್ನ ಕಂಡ್ರೆ ಆಗಲ್ಲ."

"ಬಿ 402ರಲ್ಲಿ ಯಾರು?"

"ಹೊಲಿಗೆ ಹುಡುಗಿ. ಒಬ್ಳೇ ಇದಾಳೆ, ಪಾಪ. ಯಾಕೆ?"

"ಅವಳ ನಂಬರ್ ಕೊಡಿ! ಬೇಗ!"

"ಅವಳ ಹತ್ರ ಫೋನೇ ಇಲ್ಲಮ್ಮ. ಫೋನಿದ್ರೆ ಸಿಕ್ಕಿಬೀಳ್ತೀನಿ ಅಂದಿದ್ಲು. ತಮಾಷೆ ಮಾಡ್ತಿದಾಳೆ ಅಂದ್ಕೊಂಡೆ."

"ತಮಾಷೆ ಅಲ್ಲ ಭಾವ. ಅವನು ಬರ್ತಿದಾನೆ. ಹೋಗಿ ಅವಳ ಬಾಗಿಲ ಮುಂದೆ ನಿಂತ್ಕೊಳ್ಳಿ!"

"ಈ ಮಂಡಿ ಇಟ್ಕೊಂಡು ಎ ಇಳಿದು ಬಿ ಹತ್ತೋಕೆ ಕಾಲು ಗಂಟೆ ಬೇಕು ಕಣೆ..."

"ಹಾಗಾದ್ರೆ ಅಲ್ಲೇ ಇರಿ. ಲೈನ್ ಕಟ್ ಮಾಡ್ಬೇಡಿ."

ಸಿಗ್ನಲ್ ಕೆಂಪಿತ್ತು. ದಾಟಿದೆ. ನೀರಿನ ಟ್ಯಾಂಕರ್ ಒಂದು ಹಾರನ್ ಹೊಡೆದು ನನ್ನ ಹುಟ್ಟನ್ನೇ ಪ್ರಶ್ನಿಸಿತು. ಮುಂದಿನ ತಿರುವು... ಇನ್ನೊಂದು... ಕಾರ್ಖಾನೆಯ ಉದ್ದದ ಗೋಡೆ. ಗೋಡೆ ಮುಗಿದರೆ ನಾಲ್ಕು ಬ್ಲಾಕು.

ಬಿ ಬ್ಲಾಕಿನ ಬಾಗಿಲಲ್ಲಿ ಬೂದು ಬಣ್ಣದ ವ್ಯಾನು. ಎಂಜಿನ್ ಇನ್ನೂ ಬಿಸಿ.

ಲಿಫ್ಟಿನ ಮುಂದೆ ಬೋರ್ಡು: ದುರಸ್ತಿಯಲ್ಲಿದೆ.

ಕಸುಬುದಾರ! ಲಿಫ್ಟನ್ನು ನಾಲ್ಕನೇ ಮಹಡಿಗೆ ಒಯ್ದು ಅಲ್ಲೇ ನಿಲ್ಲಿಸಿಕೊಂಡಿದ್ದ. ಬರುವಾಗ ಒಬ್ಬ, ಹೋಗುವಾಗ ಇಬ್ಬರು. ದಾರಿ ಸಿದ್ಧವಾಗಿತ್ತು.

ಮೆಟ್ಟಿಲು ಹತ್ತಿದೆ. ಒಂದು... ಎರಡು... ಮೂರನೇ ಮಹಡಿಯಲ್ಲಿ ಸದ್ದು ಕೇಳಿಸಿತು.

ಕರ್... ಕರ್... ಕರ್...

ಸ್ಕ್ರೂ ಬಿಚ್ಚುವ ಸದ್ದು. ಅವಸರವಿಲ್ಲ. ಸಂಬಳಕ್ಕೆ ಕೆಲಸ ಮಾಡುವವನ ಹಾಗೆ, ಒಂದಾದ ಮೇಲೆ ಒಂದು.

ನಾಲ್ಕನೇ ಮಹಡಿ. ಉದ್ದನೆಯ ಕಾರಿಡಾರು. ಎರಡೂ ಕಡೆ ನಾಲ್ಕು ನಾಲ್ಕು ಬಾಗಿಲು, ಎಲ್ಲವೂ ಮುಚ್ಚಿದ್ದವು. 402ರ ಬೀಗ ನೆಲದ ಮೇಲೆ ಬಿದ್ದಿತ್ತು, ಪಕ್ಕದಲ್ಲಿ ನಾಲ್ಕು ಸ್ಕ್ರೂ, ಸಾಲಾಗಿ ಜೋಡಿಸಿಟ್ಟಿದ್ದ! ಬಾಗಿಲನ್ನು ಈಗ ಒಂದು ಸರಪಳಿ ಮಾತ್ರ ಹಿಡಿದಿತ್ತು. ಸಂದಿಯಲ್ಲಿ ಅವನ ಎಡಗೈ ಮೊಣಕೈವರೆಗೂ ಒಳಗಿತ್ತು. ಒಳಗಿನಿಂದ ಯಾರೋ ಪೂರ್ತಿ ಬಲ ಹಾಕಿ ಬಾಗಿಲು ತಳ್ಳುತ್ತಿದ್ದರು. ಕೂಗಿಲ್ಲ, ಅಳುವಿಲ್ಲ. ಉಸಿರು ಮಾತ್ರ.

"ಕೈ ತೆಗಿಯೋ!" ಅಂತ ಕಿರುಚಿದೆ.

ತಿರುಗಿ ನೋಡಿದ. ಬೇಸರದಿಂದ.

"ಅರ್ಜಿ ಬೇಡ ಅಂದಿದ್ದೆನಲ್ಲ ಮೇಡಂ. ಕೆಳಗೆ ಹೋಗಿ. ಇದು ಗಂಡ-ಹೆಂಡ್ತಿ ವಿಷಯ."

"ಸಹಾಯ ಮಾಡಿ! ಯಾರಾದ್ರೂ ಬನ್ನಿ!"

ಒಂದು ಬಾಗಿಲೂ ತೆರೆಯಲಿಲ್ಲ. ಕಿರುಚಿದರೆ ಯಾರೂ ಬಾಗಿಲು ತೆಗೆಯುವುದಿಲ್ಲ. ತೆಗೆದದ್ದನ್ನೂ ಹಾಕಿಕೊಳ್ಳುತ್ತಾರೆ. 405ರಲ್ಲಿ ಯಾರೋ ಟೀವಿಯ ಸದ್ದು ಹೆಚ್ಚಿಸಿದರು. ನನ್ನ ಕಿವಿಯಾರೆ ಕೇಳಿದೆ.

ಅವನು ಬಲಗೈಯಲ್ಲಿ ಸ್ಕ್ರೂಡ್ರೈವರ್ ಎತ್ತಿದ. ನಾನು ಒಂದು ಹೆಜ್ಜೆ ಮುಂದಿಟ್ಟೆ. ಬೀಸಿದ! ಮುಂಗೈಯಿಂದ ಮೊಣಕೈವರೆಗೆ ಬಿಸಿ ಗೆರೆ ಎಳೆದ ಹಾಗಾಯಿತು. ಎಡಗೈ ಮಾತ್ರ ಸಂದಿಯಿಂದ ಕದಲಲಿಲ್ಲ. ಸರಪಳಿ ಕಿರ್ ಎಂದಿತು.

ಹೆಲ್ಮೆಟ್ಟಿನೊಳಗೆ ಭಾವನ ದನಿ: "ಏನಾಗ್ತಿದೆ ಅಲ್ಲಿ? ಏ! ಏನದು ಸದ್ದು?"

ಆಗ ಹೊಳೆಯಿತು.

"ಭಾವ! ಬಿ ಬ್ಲಾಕಿನ ನೆಟ್ ಕೀಳಿ!"

"ಏನು?"

"ಕೀಳಿ ಅಂದೆ! ಪೂರ್ತಿ!"

"ಹುಚ್ಚಾ ನಿಂಗೆ? ಆಫೀಸ್ ಮೀಟಿಂಗ್ ಹೊತ್ತು ಇದು! ನನ್ನ ಸಾಯಿಸ್ಬಿಡ್ತಾರೆ..."

"ನೀವು ಕೀಳದಿದ್ರೆ ಅವಳು ಸಾಯ್ತಾಳೆ!"

ಆ ಕಡೆ ಏನೋ ಟಕ್ ಅಂದಿತು.

"ಕಿತ್ತೆ," ಅಂದ ಭಾವ.

ಒಂದು ಸೆಕೆಂಡು. ಎರಡು. 405ರ ಟೀವಿ ಮಾತಿನ ನಡುವೆಯೇ ನಿಂತಿತು. ಮೂರು...

ನಾಲ್ಕಕ್ಕೆ ಬಾಗಿಲುಗಳು ತೆರೆದವು!

407 ತೆರೆಯಿತು. 403. 405. ಕೆಳಗಿನ ಮಹಡಿಯಲ್ಲಿ ಧಡ್, ಮೇಲಿನ ಮಹಡಿಯಲ್ಲಿ ಧಡ್. "ನೆಟ್ ಹೋಯ್ತು!" "ನಿಮ್ದೂ ಹೋಯ್ತಾ?" "ಎಲ್ಲಿ ಆ ಕೇಬಲ್ಲಿನವನು?" ಮೇಲೆ ಕೋಟು, ಕೆಳಗೆ ಪಾಯಿಜಾಮ ಹಾಕಿಕೊಂಡವನೊಬ್ಬ ಕಿವಿಗೆ ಹೆಡ್‌ಫೋನ್ ಸಮೇತ ಬಂದ. ಮಗುವನ್ನು ಸೊಂಟಕ್ಕೇರಿಸಿಕೊಂಡು ಒಬ್ಬಾಕೆ. ಒಬ್ಬೊಬ್ಬರೂ ಕೊಲೆ ಮಾಡುವಷ್ಟು ಸಿಟ್ಟಿನಲ್ಲಿದ್ದರು.

ಎಲ್ಲರಿಗಿಂತ ಹತ್ತಿರ ತೆರೆದದ್ದು ಎದುರಿನ 401. ಕೆಂಪು ಗೆರೆಯ ಮನೆ.

ಹೊರಗೆ ಬಂದದ್ದು ಒಬ್ಬ ಮುದುಕಿ! ಎಪ್ಪತ್ತರ ಹತ್ತಿರ. ಬಿಳಿ ತಲೆ, ಇಸ್ತ್ರಿ ಮಾಡಿದ ಬಟ್ಟೆ, ಕೋಲಿನಂಥ ಬೆನ್ನು. ರಿಟೈರ್ಡ್ ಹೆಡ್‌ಮಿಸ್ಟ್ರೆಸ್ ಅಂತ ಆಮೇಲೆ ತಿಳಿಯಿತು. ನನ್ನ ಕೈಯಿಂದ ತೊಟ್ಟಿಕ್ಕುತ್ತಿದ್ದ ರಕ್ತ ನೋಡಿದರು. ನೆಲದ ಮೇಲಿನ ಬೀಗ ನೋಡಿದರು. ಸಂದಿಯೊಳಗಿನ ಕೈ ನೋಡಿದರು.

"ಏಯ್! ಆ ಬಾಗಿಲಿಂದ ಕೈ ತೆಗಿ!"

ಮೂವತ್ತು ವರ್ಷ ಸಾವಿರ ಮಕ್ಕಳನ್ನು ಕೂರಿಸಿದ ದನಿ ಅದು.

ಅವನು ಕೈ ತೆಗೆದ!

ಬೇಕೆಂದು ತೆಗೆದದ್ದಲ್ಲ. ಎಲ್ಲೋ ಒಳಗೆ, ನಾಲ್ಕನೇ ಕ್ಲಾಸಿನ ಬೆಂಚಿನಲ್ಲಿ ಕೂತಿದ್ದ ಒಬ್ಬ ತೆಗೆದ. ಒಂದೇ ಸೆಕೆಂಡು. ಅಷ್ಟು ಸಾಕಾಯಿತು. ಬಾಗಿಲು ಧಡಾರನೆ ಮುಚ್ಚಿಕೊಂಡಿತು. ಒಳಗೆ ಭಾರದ ಏನನ್ನೋ ಎಳೆದು ಅಡ್ಡ ಇಟ್ಟ ಸದ್ದು.

ಅವನು ಲಿಫ್ಟಿನ ಕಡೆ ಓಡಿದ. ಕೋಟು-ಪಾಯಿಜಾಮದವನು ಅಡ್ಡ ನಿಂತಿದ್ದ. ಅವನ ಹಿಂದೆ ಆರು ಜನ. ಅವರ ಹಿಂದೆ ಮೆಟ್ಟಿಲ ತುಂಬ ಜನ. ಸ್ಕ್ರೂಡ್ರೈವರ್ ಒಂದು, ನೆಟ್ ಕಳೆದುಕೊಂಡವರು ನಲವತ್ತು. ಅವನೂ ಲೆಕ್ಕ ಹಾಕಿದ. ಸ್ಕ್ರೂಡ್ರೈವರನ್ನು ನೆಲದ ಮೇಲೆ ಮೆಲ್ಲಗೆ ಇಟ್ಟು ಶರ್ಟಿನ ತೋಳು ಸರಿಮಾಡಿಕೊಂಡ.

"ಎಲ್ಲ ತಪ್ಪು ತಿಳ್ಕೊಂಡಿದೀರಿ," ಅಂದ. ಅದೇ ಮೆತ್ತನೆ ದನಿ. "ನಾನು ಕಾಯ್ತೀನಿ."

ಆ ಮಾತನ್ನು ನಮಗೆ ಹೇಳಲಿಲ್ಲ. ಮುಚ್ಚಿದ ಬಾಗಿಲಿಗೆ ಹೇಳಿದ.

ಪೊಲೀಸರು ಬಂದಾಗ ಹನ್ನೊಂದೂಕಾಲು. ಅವಳ ಹತ್ತಿರ ಸುಳಿಯಬಾರದು ಎಂದು ಅವನ ಮೇಲೆ ಕೋರ್ಟಿನ ಆದೇಶ ಮೊದಲೇ ಇತ್ತು. ಕರೆದುಕೊಂಡು ಹೋದರು. ಒಂದಷ್ಟು ತಿಂಗಳು ಒಳಗಿರುತ್ತಾನೆ. ಆಮೇಲೆ ಬರುತ್ತಾನೆ. ಜೈಲು ಯಾರನ್ನೂ ಜೀವಮಾನಕ್ಕೆ ಬ್ಯಾನ್ ಮಾಡುವುದಿಲ್ಲ, ಇಂಥದ್ದಕ್ಕಂತೂ ಇಲ್ಲವೇ ಇಲ್ಲ.

ನಾನು ಪೊಲೀಸರಿಗೆ ಬ್ಯಾನಿನ ಕಥೆ ಹೇಳಿದ್ದನ್ನು ಕೇಳಿಸಿಕೊಂಡಿದ್ದ ಹೆಡ್‌ಮಿಸ್ಟ್ರೆಸ್, ನನ್ನ ಕೈಗೆ ಬಟ್ಟೆ ಸುತ್ತುತ್ತ ಮೆಲ್ಲಗೆ ಹೇಳಿದರು: "ಆ ಸಾಫ್ಟ್‌ವೇರು ನಂದೇ ಕಣಮ್ಮ. ಕೈ ನಡುಗುತ್ತೆ, ಗುರಿ ನಿಲ್ಲಲ್ಲ. ಎದುರಾಳಿಗಳು ಅಜ್ಜಿ ಅಂತ ಆಡ್ಕೋತಿದ್ರು." ತಡೆದು ಸೇರಿಸಿದರು, "ಈಗ ಆಡ್ಕೊಳ್ಳಲ್ಲ."

402ರ ಬಾಗಿಲು ತೆರೆಯಲು ಇನ್ನೂ ಒಂದು ಗಂಟೆ ಬೇಕಾಯಿತು.

ಇಪ್ಪತ್ತೆಂಟು ಇರಬಹುದು ಅವಳಿಗೆ. ಬಾಗಿಲಿಗೆ ಅಡ್ಡ ಇಟ್ಟದ್ದು ಹೊಲಿಗೆ ಮೆಷಿನ್ನು. ಗೋಡೆಯ ಉದ್ದಕ್ಕೂ ಹೊಲಿದ ದಿಂಬಿನ ಚೀಲಗಳು. ಕಿಟಕಿ ಪೂರ್ತಿ ಮುಚ್ಚಿತ್ತು. ತಂಗಿಯ ಆಟದ ಹೆಸರು ಅವನಿಗೆ ಮೊದಲೇ ಗೊತ್ತಿತ್ತಂತೆ. ಸೇತುವೆಯ ಹತ್ತಿರ ನಿಂತು ಕೇಳಿಸಿಕೊಳ್ಳುತ್ತ, ಇವಳ ದನಿಯ ಹಿಂದೆ ಕಾರ್ಖಾನೆಯ ಸೈರನ್ ಕೇಳಿ ಈ ಬೀದಿಗೆ ಬಂದಿದ್ದಾನೆ. ಬೀದಿಯಿಂದ ಬಾಗಿಲಿಗೆ...

"ಮನೆ ನಂಬರ್ ಯಾರು ಕೊಟ್ರು ಅವನಿಗೆ?" ಅಂದಳು.

ಸುಳ್ಳು ಹೇಳಬಹುದಿತ್ತು. ಕಸುಬಿನಲ್ಲಿ ಬೇಕಾದಷ್ಟು ಹೇಳಿದ್ದೇನೆ.

"ನಾನು."

ಅವಳು ಬೈಯಲಿಲ್ಲ. ಬಾಗಿ ಬೀಗ ಎತ್ತಿಕೊಂಡಳು. ಬೈದಿದ್ದರೆ ಚೆನ್ನಾಗಿತ್ತು.

"ಬೇರೆ ಮನೆ ಹುಡುಕಿಕೊಡ್ತೀನಿ," ಅಂದೆ.

"ಇದು ಐದನೇದು. ಇನ್ನು ಓಡಲ್ಲ ನಾನು." ನೆಲದ ಮೇಲಿನ ಸ್ಕ್ರೂಗಳನ್ನು ಒಂದೊಂದಾಗಿ ಆರಿಸಿಕೊಂಡಳು. "ನಿಮ್ಮ ಕೈಲಿ ಆಗೋದಾದ್ರೆ ಆ ಬ್ಯಾನ್ ತೆಗೆಸಿಕೊಡಿ ಅಕ್ಕ. ನಾಲ್ಕು ದಿನ ಆಯ್ತು. ನನ್ನ ತಂಗಿ ಸೇತುವೆ ಕೆಳಗೆ ಒಬ್ಳೇ ಕೂತಿರ್ತಾಳೆ. ನಾನು ಸತ್ತೇ ಹೋದೆ ಅಂದ್ಕೊಂಡಿರ್ತಾಳೆ."

ಭಾವನ ಮೆಷಿನ್ನಿನಲ್ಲಿದ್ದ ಹಳೆಯ ದಾಖಲೆಯನ್ನೆಲ್ಲ ಅಳಿಸಿಹಾಕಿದೆವು. ನನ್ನ ಲ್ಯಾಪ್‌ಟಾಪಿನ ಪಟ್ಟಿಯನ್ನೂ. ಆಮೇಲೆ ಅದೇ ಮಧ್ಯಾಹ್ನ ಕೋಣೆಗೆ ಬಂದು, ಎಡಗೈಯಲ್ಲಿ ಟೈಪ್ ಮಾಡುತ್ತ ಅರ್ಜಿ ತುಂಬಿದೆ. ಎಲ್ಲ ಸಲೀಸು. ಒಂದು ಪ್ರಶ್ನೆಯ ಹತ್ತಿರ ಬೆರಳು ನಿಂತಿತು. ತಪ್ಪಿತಸ್ಥರು ಯಾರು?

401 ಅಂತ ಬರೆಯಬೇಕಿತ್ತು. ಬರೆದರೆ ಆ ಮುದುಕಿ ಹೊರಗೆ. ಜೊತೆಗೆ ಆ ಬಾಗಿಲುಗಳ ನಂಬರು ಮತ್ತೆ ಒಂದು ಕಡತದಲ್ಲಿ, ಮತ್ತೆ ಯಾರದೋ ಕೈಗೆ.

ನನ್ನ ಹೆಸರು ಬರೆದೆ.

ಎರಡು ದಿನದಲ್ಲಿ ಉತ್ತರ ಬಂತು. ವಿಳಾಸದ ಮೇಲಿನ ಬ್ಯಾನ್ ತೆಗೆದಿದ್ದರು. ತಪ್ಪೊಪ್ಪಿಕೊಂಡ ನನಗೆ ಜೀವಮಾನದ ಬ್ಯಾನ್. ಆಟದಿಂದ ಮಾತ್ರವಲ್ಲ, ಅವರ ದೂರು ವಿಭಾಗದಿಂದಲೂ. ನನ್ನ ಅರ್ಜಿಗಳನ್ನು ಇನ್ನು ಅವರು ಓದುವುದಿಲ್ಲ. ಕಸುಬು ಮುಗಿಯಿತು.

ಮರುದಿನ ಹನ್ನೊಂದೂ ಹತ್ತಕ್ಕೆ ಕನ್ನಡಕಳಿಂದ ಒಂದು ಸಾಲಿನ ಮೆಸೇಜು: "ಇಬ್ರೂ ಕೂತಿದಾರೆ. ಸುತ್ತ ಯಾರೂ ಇಲ್ಲ, ನೋಡಿದೆ."

ಸಂಜೆ ಭಾವ ಬಂದ. ಖಾಲಿ ಮಾಡುತ್ತಿದ್ದ ಕೋಣೆಯನ್ನು ನೋಡಿದ, ಮೇಜಿನ ಮೇಲಿದ್ದ ಬ್ಯಾನ್ ಪತ್ರ ಓದಿದ.

"ಅಲ್ವೇ, ಇದನ್ನ ತೆಗೆಸೋಕೆ ಒಳ್ಳೆಯವ್ರು ಯಾರೂ ಗೊತ್ತಿಲ್ವಾ ನಿಂಗೆ?"

"ಒಬ್ಳಿದ್ಲು ಭಾವ," ಅಂದೆ. "ಅವಳನ್ನ ನಂಬೋಕಾಗಲ್ಲ."